ಓದಿಸಿಕೊಳ್ಳದ ಪುಸ್ತಕ, ಎಲ್ಲರೂ ಓದುವ ಪುಸ್ತಕ: ಷು ಬಿಂಗ್ ಕಲೆಯ ನಾಲ್ಕು ದಶಕ

1988ರ ಅಕ್ಟೋಬರ್‌ನಲ್ಲಿ ಬೀಜಿಂಗ್‌ನ ಚೀನಾ ಕಲಾ ಗ್ಯಾಲರಿಗೆ ಬಂದವರು ವಿಚಿತ್ರ ಪೇಚಿಗೆ ಸಿಕ್ಕಿಕೊಂಡರು. ಚಾವಣಿಯಿಂದ ಉದ್ದನೆಯ ಕಾಗದದ ಸುರುಳಿಗಳು ಇಳಿಬಿದ್ದಿದ್ದವು. ಕೆಳಗೆ ಹಳೆಯ ಕ್ರಮದಲ್ಲಿ ದಾರ ಹಾಕಿ ಹೊಲಿದ ಪುಸ್ತಕಗಳು ತೆರೆದುಕೊಂಡಿದ್ದವು. ಎಲ್ಲದರ ಮೇಲೂ ಅಚ್ಚುಕಟ್ಟಾದ ಚೀನೀ ಮುದ್ರಣ. ಆದರೆ ಒಂದಕ್ಷರವೂ ಯಾರಿಗೂ ಓದಲು ಬರುತ್ತಿಲ್ಲ. ಹಳೆಯ ಗ್ರಂಥಗಳಲ್ಲೇ ಜೀವ ಸವೆಸಿದ ವಿದ್ವಾಂಸರು ಸಾಲಿನಿಂದ ಸಾಲಿಗೆ ಕಣ್ಣು ಹಾಯಿಸಿ, ಗೊತ್ತಿರುವ ಒಂದಾದರೂ ಅಕ್ಷರ ಸಿಕ್ಕೀತೇ ಎಂದು ಹುಡುಕಿದರು. ಸಿಗಲಿಲ್ಲ. ಅಲ್ಲಿದ್ದವೆಲ್ಲ 33 ವರ್ಷದ ಮುದ್ರಣ ಕಲಾವಿದ ಷು ಬಿಂಗ್ ತಾವೇ ಕಲ್ಪಿಸಿ, ತಾವೇ ಕೆತ್ತಿದ ಅಕ್ಷರಗಳು. ಚೀನೀ ಲಿಪಿಯಲ್ಲಿ ಅವು ಇರಲೇ ಇಲ್ಲ.

2012ರಲ್ಲಿ ಅದೇ ಕಲಾವಿದರ ಇನ್ನೊಂದು ಪುಸ್ತಕ ಹೊರಬಂತು. ಅದರ ಕಥೆಯಲ್ಲಿಯೂ ಯಾವ ಭಾಷೆಯ ಅಕ್ಷರವಿಲ್ಲ. ಇರುವುದೆಲ್ಲ ವಿಮಾನ ನಿಲ್ದಾಣದ ಫಲಕ, ಮೊಬೈಲ್ ಪರದೆ, ಔಷಧದ ಪೊಟ್ಟಣಗಳ ಮೇಲೆ ಕಾಣುವಂಥ ಚಿಹ್ನೆಗಳು. ಚೀನೀಯರೂ ಓದಬಹುದು, ಚೀನೀ ಬಾರದವರೂ ಓದಬಹುದು, ಅನುವಾದದ ಹಂಗಿಲ್ಲ.

ಮೊದಲನೆಯ ಪುಸ್ತಕವನ್ನು ಯಾರೂ ಓದಲಾರರು, ಎರಡನೆಯದನ್ನು ಎಲ್ಲರೂ ಓದಬಲ್ಲರು. ಷು ಬಿಂಗ್ ಬಗ್ಗೆ ಬರೆಯುವವರು ಸಾಮಾನ್ಯವಾಗಿ ಅರ್ಥಶೂನ್ಯತೆ, ಭಾಷೆಯ ಮಿತಿ ಎಂದೆಲ್ಲ ಮಾತು ಶುರು ಮಾಡುತ್ತಾರೆ. ಆದರೆ ಇಡೀ ವೃತ್ತಿಜೀವನವನ್ನು ಒಟ್ಟಿಗೆ ಇಟ್ಟು ನೋಡಿದರೆ, ಅರ್ಥಕ್ಕಿಂತ ಹೆಚ್ಚಾಗಿ ಅವರನ್ನು ಕಾಡಿರುವುದು ಓದುಗ. ಅಕ್ಷರ ಬಲ್ಲವರು ಒಳಗೆ, ಬಾರದವರು ಹೊರಗೆ ಎಂಬ ಗೆರೆಯನ್ನು ಅಳಿಸಲು ಸಾಧ್ಯವೇ? ಒಂದು ಕಡೆ ಅಳಿಸಿದರೆ ಅದು ಇನ್ನೆಲ್ಲಿ ಮೂಡುತ್ತದೆ? ಅವರ ಕೃತಿಗಳು ಗೆದ್ದಿರುವುದೂ ಸೋತಿರುವುದೂ ಈ ಪ್ರಶ್ನೆಯ ಎದುರಿನಲ್ಲೇ.

ಬದಲಾಗುತ್ತಲೇ ಇದ್ದ ಅಕ್ಷರ

ಷು ಬಿಂಗ್ ಹುಟ್ಟಿದ್ದು 1955ರಲ್ಲಿ, ಚೋಂಗ್‌ಚಿಂಗ್ ನಗರದಲ್ಲಿ. ಬೆಳೆದದ್ದು ಬೀಜಿಂಗ್‌ನಲ್ಲಿ. ತಂದೆ ಪೀಕಿಂಗ್ ವಿಶ್ವವಿದ್ಯಾಲಯದ ಇತಿಹಾಸ ವಿಭಾಗದಲ್ಲಿದ್ದರು, ತಾಯಿ ಅಲ್ಲೇ ಗ್ರಂಥಾಲಯ ವಿಜ್ಞಾನ ವಿಭಾಗದಲ್ಲಿ. ಹೀಗಾಗಿ ಓದಲು ಬಾರದ ವಯಸ್ಸಿನಲ್ಲೇ ಹುಡುಗನ ಸುತ್ತ ಪುಸ್ತಕದ ರಾಶಿ. ಓದಲು ಬರುವ ಹೊತ್ತಿಗೆ ಸಾಂಸ್ಕೃತಿಕ ಕ್ರಾಂತಿ ಬಂತು. ಕೈಗೆ ಸಿಗುತ್ತಿದ್ದುದು ಮಾವೋನ ಕೆಂಪು ಪುಸ್ತಕ. ಓದಲಾಗದಿದ್ದಾಗ ಪುಸ್ತಕಗಳಿದ್ದವು, ಓದಬಲ್ಲವನಾದಾಗ ಅವು ಇರಲಿಲ್ಲ ಎಂಬ ಈ ವಿಪರ್ಯಾಸವನ್ನು ಅವರು ಮತ್ತೆ ಮತ್ತೆ ನೆನೆದಿದ್ದಾರೆ.

ಕಲಿತ ಅಕ್ಷರಗಳೂ ನಿಂತಲ್ಲಿ ನಿಲ್ಲುತ್ತಿರಲಿಲ್ಲ. ಸಾಕ್ಷರತೆ ಹೆಚ್ಚಿಸಲೆಂದು ಚೀನಾ ಸರ್ಕಾರ 1956ರಲ್ಲಿ ಲಿಪಿಯ ಸರಳೀಕರಣ ಜಾರಿಗೆ ತಂದಿತು. ಹಲವು ಗೆರೆಗಳ ಅಕ್ಷರಗಳು ನಾಲ್ಕೈದು ಗೆರೆಗಳಿಗೆ ಇಳಿದವು. ಮಕ್ಕಳು ಒಂದು ರೂಪ ಕಲಿಯುವಷ್ಟರಲ್ಲಿ ಇನ್ನೊಂದು ರೂಪ ಬರುತ್ತಿತ್ತು. 1977ರಲ್ಲಿ ಎರಡನೇ ಸುತ್ತಿನ ಸರಳೀಕರಣ ಪ್ರಕಟವಾಯಿತು. ಗೊಂದಲ ಹೆಚ್ಚಿ 1986ರಲ್ಲಿ ಸರ್ಕಾರವೇ ಅದನ್ನು ಹಿಂತೆಗೆದುಕೊಂಡಿತು. ಒಂಬತ್ತು ವರ್ಷದ ಹಿಂದೆ ಸರ್ಕಾರವೇ ಪ್ರಕಟಿಸಿದ್ದ ಅಕ್ಷರಗಳು ಒಂದು ಆದೇಶದಿಂದ ಅಕ್ಷರಗಳೇ ಅಲ್ಲ ಎಂದಾದವು. ಷು ಬಿಂಗ್ ತಮ್ಮ ಸುಳ್ಳು ಅಕ್ಷರಗಳ ಕೆಲಸಕ್ಕೆ ಕೈಹಾಕಿದ್ದು ಮರುವರ್ಷ, 1987ರಲ್ಲಿ.

ಕ್ರಾಂತಿಯ ದಿನಗಳಲ್ಲಿ ಬರಹ ಆಯುಧವೂ ಆಗಿತ್ತು. ದೊಡ್ಡಕ್ಷರದ ಭಿತ್ತಿಪತ್ರಗಳಲ್ಲಿ ಹೆಸರು ಬಂದವರ ಬದುಕು ಮುಗಿದಂತೆಯೇ. ಷು ಬಿಂಗ್ ತಂದೆಯೂ ಹಾಗೆ ನಿಂದೆಗೆ ಗುರಿಯಾದರು. ಮಗನ ಕೈಬರಹ ಚೆನ್ನಾಗಿತ್ತು, ಶಾಲೆಯಲ್ಲಿ ಘೋಷಣೆ ಬರೆಯುವ ಕೆಲಸ ಅವನಿಗೇ ಬಂತು. 1974ರಿಂದ 77ರವರೆಗೆ, ಆಗಿನ ಲಕ್ಷಾಂತರ ಯುವಕರಂತೆ ಅವರನ್ನೂ ಹಳ್ಳಿಗೆ ಕಳಿಸಲಾಯಿತು. ಬೀಜಿಂಗ್‌ನ ಉತ್ತರಕ್ಕೆ ಗುಡ್ಡಗಾಡಿನ ಒಂದು ಪುಟ್ಟ ಊರು. ಅಲ್ಲಿ ಗೆಳೆಯರ ಜೊತೆ ಸೇರಿ ಸೈಕ್ಲೋಸ್ಟೈಲ್ ಮಾಡಿದ ಒಂದು ಪತ್ರಿಕೆ ತಂದರು. ಪ್ರಚಾರದ ಬರಹವೇ ಆದರೂ ಅಕ್ಷರದ ವಿನ್ಯಾಸ, ಪುಟದ ಅಂದ, ತಲೆಬರಹದ ಗಾತ್ರಗಳ ಬಗ್ಗೆ ಅವರಿಗಿದ್ದ ಹುಚ್ಚು ಅದರಲ್ಲಿ ಕಾಣುತ್ತದೆ. 1977ರಲ್ಲಿ ಬೀಜಿಂಗ್‌ನ ಕೇಂದ್ರೀಯ ಲಲಿತಕಲಾ ಅಕಾಡೆಮಿಯ ಮುದ್ರಣ ಕಲಾ ವಿಭಾಗ ಸೇರಿ, 1981ರಲ್ಲಿ ಪದವಿ ಪಡೆದು ಅಲ್ಲೇ ಮೇಷ್ಟರಾದರು.

ನಾಲ್ಕು ಸಾವಿರ ಸುಳ್ಳುಗಳು

ಆ ಮೊದಲ ಪುಸ್ತಕ ಮಾಡಿದ ಕೆಲಸವನ್ನು ಕನ್ನಡ ಓದುಗರು ಹಿಡಿಯಬೇಕಾದರೆ ಚೀನೀ ಬರಹದ ಸ್ವಭಾವ ತುಸು ಗೊತ್ತಿರಬೇಕು. ಕನ್ನಡದಲ್ಲಿ ಕಾಗುಣಿತ ಬಂದರೆ ಸಾಕು, ಅರ್ಥ ಗೊತ್ತಿಲ್ಲದ ಪದವನ್ನೂ ಬಾಯಿಬಿಟ್ಟು ಓದಬಹುದು. ಚೀನೀ ಅಕ್ಷರ ಧ್ವನಿಯ ಗುರುತಷ್ಟೇ ಅಲ್ಲ. ಬಹುಪಾಲು ಅಕ್ಷರಗಳಲ್ಲಿ ಒಂದು ತುಂಡು ಅರ್ಥದ ಸುಳಿವು ಕೊಡುತ್ತದೆ, ಇನ್ನೊಂದು ಉಚ್ಚಾರಣೆಯ ಸುಳಿವು. ನೀರಿಗೆ ಸಂಬಂಧಪಟ್ಟ ಅನೇಕ ಅಕ್ಷರಗಳ ಎಡಬದಿಯಲ್ಲಿ ಮೂರು ಹನಿಯಂಥ ಗೀರುಗಳಿರುತ್ತವೆ, ಮರಮುಟ್ಟಿನವಕ್ಕೆ ಮರದ ಗುರುತು. ಷು ಬಿಂಗ್ ಈ ಬಿಡಿಭಾಗಗಳನ್ನೇ ತೆಗೆದುಕೊಂಡು, ಭಾಷೆಯಲ್ಲಿಲ್ಲದ ಜೋಡಣೆ ಮಾಡಿದರು. ಓದುಗನ ಕಣ್ಣಿಗೆ ‘ನೀರಿನದೇನೋ ಇದೆ’ ಎಂಬಷ್ಟು ಸಿಗುತ್ತದೆ. ಮುಂದೆ ದಾರಿಯಿಲ್ಲ. ಅರ್ಥವೂ ಇಲ್ಲ, ಉಚ್ಚಾರಣೆಯೂ ಇಲ್ಲ.

ಹದಿನೆಂಟನೇ ಶತಮಾನದ ಕಾಂಗ್‌ಶಿ ನಿಘಂಟನ್ನು ಆಧಾರವಾಗಿಟ್ಟುಕೊಂಡು ಅವರು ಗೆರೆಗಳ ಸಂಖ್ಯೆ, ಅಕ್ಷರಭಾಗಗಳ ಪ್ರಮಾಣಗಳನ್ನು ಹೊಂದಿಸಿದರು. ಒಂದು ಪುಟವನ್ನು ದೂರದಿಂದ ನೋಡಿದರೆ ದಟ್ಟ ಅಕ್ಷರ, ತೆಳು ಅಕ್ಷರಗಳ ಹದ ನಿಜವಾದ ಚೀನೀ ಪುಟದಂತೆಯೇ ಇರಬೇಕಿತ್ತು. ಬಳಸಿದ್ದು ಸೋಂಗ್ ಶೈಲಿಯ ಅಚ್ಚು. ಬರೆದವನ ಕೈಗುರುತು ಒಂದಿಷ್ಟೂ ಇಲ್ಲದ, ಪತ್ರಿಕೆ ಮತ್ತು ಸರ್ಕಾರಿ ದಾಖಲೆಗಳಲ್ಲಿ ಜನ ನಂಬಿಕೊಂಡು ಬಂದ ಅಚ್ಚು ಅದು. ಪಿಯರ್ ಮರದ ತುಂಡುಗಳ ಮೇಲೆ ಅಕ್ಷರವನ್ನು ತಿರುಗುಮುರುಗಾಗಿ ಕೆತ್ತಿ, ಒಂದೊಂದನ್ನೂ ಬಿಡಿ ಅಚ್ಚುಮೊಳೆಯಾಗಿ ಮಾಡಿದರು. ಒಟ್ಟು ನಾಲ್ಕು ಸಾವಿರಕ್ಕೂ ಹೆಚ್ಚು. ದಿನನಿತ್ಯ ಬಳಕೆಯಲ್ಲಿರುವ ಚೀನೀ ಅಕ್ಷರಗಳ ಸಂಖ್ಯೆಯೂ ಹೆಚ್ಚುಕಡಿಮೆ ಅಷ್ಟೇ.

ಬೀಜಿಂಗ್ ಹೊರವಲಯದಲ್ಲಿ ಹಳೆಯ ಗ್ರಂಥಗಳನ್ನು ಸಾಂಪ್ರದಾಯಿಕ ಕ್ರಮದಲ್ಲೇ ಮುದ್ರಿಸುವ ಕುಶಲಕರ್ಮಿಗಳಿದ್ದರು. ಅವರ ಕೈಯಲ್ಲಿ ಪುಸ್ತಕದ ಪೂರ್ಣ ಆವೃತ್ತಿ ಅಚ್ಚಾಗಿ, ಹೊಲಿಗೆಯಾಗಿ ಮುಗಿದದ್ದು 1991ರಲ್ಲಿ: ನಾಲ್ಕು ಸಂಪುಟ, 604 ಪುಟ, ನೀಲಿ ಹೊದಿಕೆ, ಆಕ್ರೋಡು ಮರದ ಪೆಟ್ಟಿಗೆ, ಸುಮಾರು 120 ಪ್ರತಿ. ಪುಟಗಳನ್ನು ಹತ್ತಿರದಿಂದ ನೋಡಿದರೆ ಹಟ ಇನ್ನೂ ಸ್ಪಷ್ಟ. ಮುಖಪುಟವಿದೆ, ಪರಿವಿಡಿಯಿದೆ, ಮೂಲಪಾಠದ ನಡುವೆ ಸಣ್ಣ ಅಚ್ಚಿನಲ್ಲಿ ಎರಡು ಕಿರುಸಾಲಿನ ಟೀಕೆಗಳಿವೆ. ಪಂಡಿತರ ಗ್ರಂಥಕ್ಕೆ ಬೇಕಾದ ಲಕ್ಷಣಗಳಲ್ಲಿ ಒಂದೂ ತಪ್ಪಿಲ್ಲ. ಇಲ್ಲದ್ದು ಗ್ರಂಥ ಮಾತ್ರ. ಷು ಬಿಂಗ್ ಮೊದಲು ಇಟ್ಟಿದ್ದ ಹೆಸರು ಉದ್ದನೆಯದು, ಜಗತ್ತಿಗೆ ಕನ್ನಡಿ ಹಿಡಿಯುವ ಶತಮಾನದ ಕೊನೆಯ ಸಂಪುಟ ಎಂಬರ್ಥದ್ದು. ಜನ ಅದನ್ನು ‘ಟಿಯಾನ್‌ಷು’ ಎಂದು ಕರೆದರು, ಅಂದರೆ ಆಕಾಶದ ಪುಸ್ತಕ. ತಲೆಬುಡ ತಿಳಿಯದ ಬರಹಕ್ಕೆ ಚೀನೀಯರು ಆಡುವ ಮಾತು ಅದು. ಆ ಹೆಸರೇ ನಿಂತಿತು.

ಇದಕ್ಕೆ ಬಂದ ಪ್ರತಿಕ್ರಿಯೆಗಳದ್ದೇ ಒಂದು ಚರಿತ್ರೆ. ಆಗ ಚೀನಾದಲ್ಲಿ ಹೊಸ ಅಲೆಯ ಕಲೆ ಭೋರ್ಗರೆಯುತ್ತಿತ್ತು. ಲಿಪಿಯನ್ನು ಕೆಣಕಿದವರಲ್ಲಿ ಷು ಬಿಂಗ್ ಒಬ್ಬರೇ ಅಲ್ಲ. ಷು ಬಿಂಗ್‌ಗಿಂತ ಮೊದಲೇ ಗು ವೆಂಡಾ ಬೃಹತ್ ಮಸಿಚಿತ್ರಗಳಲ್ಲಿ ತಪ್ಪು ಅಕ್ಷರ, ತಲೆಕೆಳಗಾದ ಅಕ್ಷರಗಳನ್ನು ಬರೆದಿದ್ದರು. ವು ಶಾನ್‌ಜುವಾನ್ 1986ರಲ್ಲಿ ಘೋಷಣೆಗಳನ್ನೂ ಜಾಹೀರಾತುಗಳನ್ನೂ ಕಲಸಿ ಕೋಣೆಯ ತುಂಬ ಹಚ್ಚಿದ್ದರು. ಅವರಿಬ್ಬರದು ಬಹಿರಂಗವಾದ ಚೇಷ್ಟೆ. ಷು ಬಿಂಗ್ ನಗದೆ, ಗಂಭೀರ ಮುಖದಲ್ಲಿ ವರ್ಷಗಟ್ಟಲೆ ದುಡಿದು ಅದನ್ನೇ ಮಾಡಿದ್ದರಿಂದ ನೋಡಿದವರಿಗೆ ಹೆಚ್ಚು ಇರಿಸುಮುರಿಸಾಯಿತು. 1989ರ ಜೂನ್‌ನ ತಿಯಾನನ್ಮನ್ ದಮನದ ನಂತರ ಗಾಳಿ ತಿರುಗಿತು. ಪತ್ರಿಕೆಯೊಂದರಲ್ಲಿ ಬಂದ ಟೀಕೆ ಈ ಕೃತಿಯನ್ನು ದೆವ್ವ ಕಟ್ಟಿದ ಗೋಡೆಗಳ ನಡುವೆ ಸುತ್ತುವುದಕ್ಕೆ ಹೋಲಿಸಿತು. ರಾತ್ರಿ ದಾರಿ ತಪ್ಪಿ ಸುತ್ತಿದಲ್ಲೇ ಸುತ್ತುವವನ ಬಗ್ಗೆ ಚೀನೀಯರಲ್ಲಿರುವ ನಂಬಿಕೆ ಅದು.

ಪಶ್ಚಿಮದಲ್ಲಿ ಬೇರೆ ತರಹದ ಎಡವಟ್ಟು. 90ರ ದಶಕದಲ್ಲಿ ಅಲ್ಲಿನ ಹಲವರು ಆಕಾಶದ ಪುಸ್ತಕವನ್ನು ತಿಯಾನನ್ಮನ್‌ಗೆ ಉತ್ತರವೆಂಬಂತೆ ಓದಿದರು. ಅದು ಮೊದಲು ಪ್ರದರ್ಶನಗೊಂಡದ್ದು ಆ ದಮನಕ್ಕೆ ಎಂಟು ತಿಂಗಳು ಮೊದಲು. ಅಧಿಕಾರದ ಭಾಷೆ ಪೊಳ್ಳು ಎಂಬ ಧ್ವನಿ ಕೃತಿಯಲ್ಲಿ ಇದೆ, ನಿಜ. ಆದರೆ ಅದನ್ನು ಒಂದು ಘಟನೆಗೆ ಕಟ್ಟಿಹಾಕಿದರೆ ಅದರ ಅಸಲು ಪೆಟ್ಟು ತಪ್ಪಿಹೋಗುತ್ತದೆ. ಆ ಕೋಣೆಯಲ್ಲಿ ಕುಲಪತಿ, ಕೂಲಿಯಾಳು, ಚೀನೀ ಬಾರದ ಪ್ರವಾಸಿ ಮೂವರೂ ಸಮಾನ ನಿರಕ್ಷರಿಗಳು. ಇವರಲ್ಲಿ ಹೆಚ್ಚು ಕಸಿವಿಸಿ ಹೆಚ್ಚು ಓದಿದವರಿಗೇ.

ದೆವ್ವದ ಗೋಡೆಯೆಂಬ ಆ ಬೈಗುಳದ ಮಾತನ್ನೇ ಷು ಬಿಂಗ್ ಮುಂದಿನ ಕೃತಿಗೆ ಹೆಸರಾಗಿ ಇಟ್ಟುಕೊಂಡರು. 1990ರಲ್ಲಿ ವಿದ್ಯಾರ್ಥಿಗಳನ್ನೂ ಸ್ಥಳೀಯ ರೈತರನ್ನೂ ಕಟ್ಟಿಕೊಂಡು ಜಿನ್‌ಶಾನ್‌ಲಿಂಗ್ ಬಳಿ ಮಹಾಗೋಡೆಯ ಒಂದು ಭಾಗಕ್ಕೆ ಒದ್ದೆ ಕಾಗದ ಹಚ್ಚಿ, ಮಸಿ ಒತ್ತಿ ಪಡಿಯಚ್ಚು ತೆಗೆದರು. ಶಾಸನಗಳ ಪಡಿಯಚ್ಚು ತೆಗೆಯುವ ಹಳೆಯ ವಿದ್ಯೆಯೇ ಅದು. ಇಲ್ಲಿ ಶಾಸನವಿಲ್ಲ, ಇಟ್ಟಿಗೆ ಮಾತ್ರ. 1991ರಲ್ಲಿ ಅಮೆರಿಕದ ಮ್ಯಾಡಿಸನ್‌ನಲ್ಲಿ ಅದು ಚಾವಣಿಯೆತ್ತರಕ್ಕೆ ತೂಗಿತು, ಬುಡದಲ್ಲಿ ಮಣ್ಣಿನ ಗುಡ್ಡೆ.

ಭಾಷೆ ಕಳೆದುಕೊಂಡವರ ಊರಿನಲ್ಲಿ

1990ರಲ್ಲಿ ವಿಸ್ಕಾನ್ಸಿನ್ ವಿಶ್ವವಿದ್ಯಾಲಯದ ಆಹ್ವಾನದ ಮೇಲೆ ಷು ಬಿಂಗ್ ಅಮೆರಿಕಕ್ಕೆ ಹೋದರು. ಮುಂದೆ ನ್ಯೂಯಾರ್ಕ್ ಸೇರಿ, ಒಟ್ಟು ಹದಿನೆಂಟು ವರ್ಷ ಅಲ್ಲಿದ್ದರು. ಚೀನಾದಲ್ಲಿ ಓದಿದವರನ್ನು ಅನಕ್ಷರಸ್ಥರನ್ನಾಗಿಸಿದ ಕಲಾವಿದರಿಗೆ ಈಗ ಸ್ವತಃ ಆ ಪಾಡು. ಇಂಗ್ಲಿಷ್ ಅಷ್ಟಕ್ಕಷ್ಟೇ.

ಆ ಕಾಲದ ಕೃತಿಗಳಲ್ಲಿ ಹೆಚ್ಚು ಸದ್ದು ಮಾಡಿದ್ದು 1994ರಲ್ಲಿ ಬೀಜಿಂಗ್‌ನಲ್ಲಿ ಮಾಡಿದ ಹಂದಿಗಳ ಪ್ರದರ್ಶನ. ಗಂಡುಹಂದಿಯ ಮೈಮೇಲೆ ಅರ್ಥವಿಲ್ಲದ ಇಂಗ್ಲಿಷ್, ಹೆಣ್ಣುಹಂದಿಯ ಮೈಮೇಲೆ ಸುಳ್ಳು ಚೀನೀ ಅಕ್ಷರ ಮುದ್ರಿಸಿ, ಪುಸ್ತಕ ಹರಡಿದ ದೊಡ್ಡಿಯಲ್ಲಿ ಪ್ರೇಕ್ಷಕರೆದುರೇ ಕೂಡಲು ಬಿಟ್ಟರು. ಪೂರ್ವ, ಪಶ್ಚಿಮ, ಸಂಸ್ಕೃತಿ ಸಂಕರ ಎಂಬ ಮಾತುಗಳನ್ನು ಗೇಲಿ ಮಾಡುವ ಕೆಲಸ. ಹಂದಿಗಳಿಗೆ ಯಾರು ನೋಡಿದರೂ ಸಂಕೋಚವಿಲ್ಲ. ಸಂಕೋಚಪಟ್ಟವರು ಸುತ್ತ ನಿಂತ ಜನ. 2017ರಲ್ಲಿ ನ್ಯೂಯಾರ್ಕ್‌ನ ಗುಗೆನ್‌ಹೈಮ್ ಮ್ಯೂಸಿಯಂ ಇದರ ವಿಡಿಯೊ ತೋರಿಸಲು ಹೊರಟಾಗ ಪ್ರಾಣಿದಯೆಯ ಕಾರ್ಯಕರ್ತರಿಂದ ಪ್ರತಿಭಟನೆ ಎದ್ದು, ಇನ್ನೆರಡು ಚೀನೀ ಕೃತಿಗಳ ಜೊತೆ ಇದನ್ನೂ ಕೈಬಿಡಲಾಯಿತು. ಆ ಹೊತ್ತಿಗೆ ಕೃತಿಗಿಂತ ವಿವಾದವೇ ದೊಡ್ಡದಾಗಿತ್ತು. ಮಾಗಿದ ಕಲಾವಿದನ ಕೈಯಿಂದ ಬಂದ ಕೊಂಚ ಹಸಿ ಜೋಕು ಎಂದು ಅದನ್ನು ಪಕ್ಕಕ್ಕಿಟ್ಟರೂ ಹೆಚ್ಚೇನೂ ನಷ್ಟವಿಲ್ಲ.

1994ರಲ್ಲೇ ಶುರುವಾದ ‘ಚೌಕಾಕ್ಷರ ಕ್ಯಾಲಿಗ್ರಫಿ’ ನಿಜವಾದ ಶೋಧ. ಇಂಗ್ಲಿಷ್ ಪದವೊಂದರ ಅಕ್ಷರಗಳನ್ನು ಕುಂಚದ ಗೀರುಗಳಾಗಿ ಬದಲಿಸಿ, ಒಂದೇ ಚೌಕದೊಳಗೆ ಪೇರಿಸಿದರೆ ಅದು ಥೇಟ್ ಚೀನೀ ಅಕ್ಷರದಂತೆ ಕಾಣುತ್ತದೆ. ಇಂಗ್ಲಿಷಿನ ‘ಓ’ ದುಂಡಗೆ ಉಳಿಯುವುದಿಲ್ಲ, ಪೆಟ್ಟಿಗೆಯಾಗುತ್ತದೆ. ‘ಐ’ ಮೇಲೆ ಕೆಳಗೆ ಅಡ್ಡಗೆರೆ ಪಡೆದು ನಿಲ್ಲುತ್ತದೆ. ಓದುವ ಕ್ರಮ ಎಡದಿಂದ ಬಲಕ್ಕೆ, ಮೇಲಿಂದ ಕೆಳಕ್ಕೆ, ಹೊರಗಿನಿಂದ ಒಳಕ್ಕೆ. ಷು ಬಿಂಗ್ ಇದನ್ನು ಗೋಡೆಗೆ ತೂಗುಹಾಕಿ ಸುಮ್ಮನಾಗಲಿಲ್ಲ. ಗ್ಯಾಲರಿಯಲ್ಲೇ ಡೆಸ್ಕು, ಕುಂಚ, ಮಸಿ, ಕಾಪಿ ಪುಸ್ತಕ, ಪಾಠ ಹೇಳುವ ವಿಡಿಯೊ ಇಟ್ಟು ತರಗತಿ ತೆರೆದರು. ಬಂದವರು ಕುಳಿತು ಮಕ್ಕಳು ಅಕ್ಷರ ತಿದ್ದುವಂತೆ ತಿದ್ದಬೇಕು. ಚೀನೀ ಬರಹವೆಂದರೆ ತಮಗೆ ಎಟುಕದ ನಿಗೂಢ ವಿದ್ಯೆ ಎಂದುಕೊಂಡು ಕೂತವರಿಗೆ ಕೆಲವೇ ನಿಮಿಷದಲ್ಲಿ, ತಾನು ತಿದ್ದುತ್ತಿರುವುದು ತನ್ನದೇ ಭಾಷೆ ಎಂದು ಹೊಳೆಯುತ್ತದೆ. ಕಣ್ಣು ಚೀನೀ ಎನ್ನುತ್ತದೆ, ಬುದ್ಧಿ ಇಂಗ್ಲಿಷ್ ಎನ್ನುತ್ತದೆ, ಎರಡೂ ಸರಿ.

1999ರಲ್ಲಿ ನ್ಯೂಯಾರ್ಕ್‌ನ ಆಧುನಿಕ ಕಲಾ ಮ್ಯೂಸಿಯಂ ತನ್ನ ಬಾಗಿಲ ಮೇಲೆ ಷು ಬಿಂಗ್ ಅವರ ದೊಡ್ಡ ಕೆಂಪು ಬ್ಯಾನರ್ ತೂಗುಹಾಕಿತು. ಚೌಕಾಕ್ಷರದಲ್ಲಿ ಬರೆದಿದ್ದುದು ಕಲೆ ಜನರಿಗಾಗಿ ಎಂಬ ಮಾವೋನ ಮಾತು. ಬಂಡವಾಳಶಾಹಿ ನಗರದ ಅತಿ ಪ್ರತಿಷ್ಠಿತ ಕಲಾಮಂದಿರದ ನೆತ್ತಿಯ ಮೇಲೆ ಕಮ್ಯುನಿಸ್ಟ್ ಘೋಷಣೆ. ಅದೇ ವರ್ಷ ಅವರಿಗೆ ಮ್ಯಾಕ್‌ಆರ್ಥರ್ ಫೆಲೋಷಿಪ್ ಬಂತು.

ಆದರೆ ಇಲ್ಲಿ ಗೆರೆ ಅಳಿಯಲಿಲ್ಲ, ಸ್ಥಳ ಬದಲಿಸಿತು. ಇಂಗ್ಲಿಷ್ ಬಲ್ಲವರಿಗೆ ಬಾಗಿಲು ತೆರೆದ ಚೌಕಾಕ್ಷರ, ಇಂಗ್ಲಿಷ್ ಬಾರದ ಚೀನೀ ಓದುಗರನ್ನು ಹೊರಗೆ ನಿಲ್ಲಿಸಿತು. ತಮ್ಮದೇ ಲಿಪಿಯ ಚಹರೆ ಹೊತ್ತ ಬರಹದ ಮುಂದೆ ಅವರು ಪರಕೀಯರು. ಗ್ಯಾಲರಿಗೆ ಹೋಗುವ ಪಾಶ್ಚಾತ್ಯರನ್ನು ಖುಷಿಪಡಿಸುವ ಜಾಣತನವಿದು ಎಂಬ ಟೀಕೆಯನ್ನು ಪೂರಾ ತಳ್ಳಿಹಾಕುವಂತಿಲ್ಲ. ಹೊಸ ದೇಶಕ್ಕೆ ಬಂದು ಹಳೆಯ ಬೇರು, ಹೊಸ ಮಾತು ಎರಡನ್ನೂ ಒಂದೇ ಚೌಕದಲ್ಲಿ ಹಿಡಿಸಬೇಕಾದ ವಲಸಿಗನ ಪಾಡನ್ನು ಇಷ್ಟು ಅಡಕವಾಗಿ ಹೇಳಿದ ಕೃತಿ ಇನ್ನೊಂದಿಲ್ಲ ಎಂಬುದೂ ಅಷ್ಟೇ ನಿಜ.

ಅಕ್ಷರ ಹಕ್ಕಿಯಾಗಿ, ಗುಡ್ಡವಾಗಿ

2001ರಲ್ಲಿ ವಾಷಿಂಗ್ಟನ್‌ನ ಸ್ಯಾಕ್ಲರ್ ಗ್ಯಾಲರಿಯಲ್ಲಿ ಷು ಬಿಂಗ್ ಎರಡು ಕೃತಿ ಮಾಡಿದರು. ಒಂದರಲ್ಲಿ, ನೆಲದ ಮೇಲೆ ಹಕ್ಕಿ ಎಂಬ ಪದಕ್ಕೆ ನಿಘಂಟು ಕೊಡುವ ವಿವರಣೆ ಇಂದಿನ ಸರಳೀಕೃತ ಲಿಪಿಯಲ್ಲಿದೆ. ಅಲ್ಲಿಂದ ‘ಹಕ್ಕಿ’ ಅಕ್ಷರ ಮೇಲೇಳುತ್ತದೆ. ಏರುತ್ತ ಏರುತ್ತ ಸರಳ ರೂಪದಿಂದ ಹಳೆಯ ರೂಪಕ್ಕೆ, ಅಲ್ಲಿಂದ ಪ್ರಾಚೀನ ಚಿತ್ರಾಕ್ಷರಕ್ಕೆ ಮರಳಿ, ಕಿಟಕಿಯ ಹತ್ತಿರ ಬರುವಷ್ಟರಲ್ಲಿ ಹಕ್ಕಿಯೇ ಆಗಿಬಿಡುತ್ತದೆ. ಅಕ್ರಿಲಿಕ್‌ನಲ್ಲಿ ಕತ್ತರಿಸಿದ ನಾನೂರಕ್ಕೂ ಹೆಚ್ಚು ತುಂಡುಗಳು. ಲಿಪಿಯ ಮೂರು ಸಾವಿರ ವರ್ಷದ ಚರಿತ್ರೆ ಹಿಮ್ಮುಖವಾಗಿ, ಒಂದೇ ನೋಟದಲ್ಲಿ. ಇನ್ನೊಂದು, ನೀರಿನಲ್ಲಿ ಕಂಡ ಚಂದ್ರನನ್ನು ಹಿಡಿಯಲು ಒಂದರ ಬಾಲಕ್ಕೊಂದು ಜೋತುಬಿದ್ದ ಮಂಗಗಳ ಬೌದ್ಧ ಕಥೆಯದು. ಇಪ್ಪತ್ತೊಂದು ಮರದ ಆಕೃತಿಗಳು ಮೇಲ್ಚಾವಣಿಯಿಂದ ಕೆಳಗಿನ ಕೊಳದವರೆಗೆ ಸರಪಳಿಯಾಗಿವೆ. ಒಂದೊಂದೂ ಯಾವುದಾದರೊಂದು ಭಾಷೆಯಲ್ಲಿ ಬರೆದ ‘ಕೋತಿ’ ಎಂಬ ಪದ. ಹಿಂದಿಯೂ ಉರ್ದುವೂ ಅದರಲ್ಲಿವೆ.

ಅಕ್ಷರವೇ ಚಿತ್ರವಾಗುವ ಈ ಬಗೆಯ ಬೀಜ ಬಿದ್ದದ್ದು 1999ರ ನೇಪಾಳ ಪ್ರವಾಸದಲ್ಲಿ. ಹಿಮಾಲಯದ ಎದುರು ಕುಳಿತು ಸ್ಕೆಚ್ ಮಾಡುವಾಗ ಅವರು ಕಲ್ಲಿರುವಲ್ಲಿ ‘ಕಲ್ಲು’ ಎಂಬ ಅಕ್ಷರ, ಮರವಿರುವಲ್ಲಿ ‘ಮರ’, ನೀರಿರುವಲ್ಲಿ ‘ನೀರು’ ಬರೆಯುತ್ತ ಹೋದರು. ಬರೆದದ್ದು ಚಿತ್ರವಾಯಿತು. ಚೀನೀ ನಿಸರ್ಗಚಿತ್ರಕಾರರು ಮರವನ್ನು ನೋಡಿ ಬರೆಯುವುದಕ್ಕಿಂತ, ಕೈಪಿಡಿಯಿಂದ ಕಲಿತ ‘ಮರ’ದ ಗೀರನ್ನು ಬರೆಯುತ್ತಾರೆ ಎಂಬ ಹಳೆಯ ಸತ್ಯ ಅಲ್ಲಿ ಬಯಲಾಯಿತು. ನಾವು ನಿಸರ್ಗವನ್ನು ನೋಡುವುದೂ ಒಂದು ತರಹದ ಓದೇ ಎಂಬ ಈ ತಿಳಿವು 2004ರಲ್ಲಿ ಬರ್ಲಿನ್‌ನಲ್ಲಿ ಇನ್ನೊಂದು ತಿರುವು ಪಡೆಯಿತು. ಎರಡನೇ ಮಹಾಯುದ್ಧದ ಕೊನೆಯಲ್ಲಿ ಅಲ್ಲಿನ ಮ್ಯೂಸಿಯಂನಿಂದ ಕಾಣೆಯಾದ ಏಷ್ಯಾದ ಚಿತ್ರಗಳ ನೆನಪಿಗೆ ಷು ಬಿಂಗ್ ‘ಹಿನ್ನೆಲೆ ಕಥೆ’ ಸರಣಿ ಶುರು ಮಾಡಿದರು.

ಈ ಸರಣಿಯ ಒಂದು ಕೃತಿ 2014ರ ಕೊಚ್ಚಿ–ಮುಜಿರಿಸ್ ಬಿಯೆನಾಲೆಗೂ ಬಂದಿತ್ತು. ಅದರ ಕ್ಯುರೇಟರ್ ಜಿತೀಶ್ ಕಲ್ಲಾಟ್ ಸ್ವತಃ ಬರಹವನ್ನು ಕಲೆಯ ಸಾಮಗ್ರಿ ಮಾಡಿಕೊಂಡವರು. ನೆಹರೂ ಅವರ 1947ರ ಮಧ್ಯರಾತ್ರಿಯ ಭಾಷಣವನ್ನು ಕನ್ನಡಿಯಂಥ ಹಾಳೆಗಳ ಮೇಲೆ ಅಂಟಿನಲ್ಲಿ ಬರೆದು ಬೆಂಕಿ ಹಚ್ಚಿದ 2003ರ ಕೃತಿ ಅವರದು. ಷು ಬಿಂಗ್ ಕೃತಿಯನ್ನು ಮುಂದಿನಿಂದ ನೋಡಿದರೆ ಮಂಜು, ಬೆಟ್ಟ, ಪೈನ್ ಮರ, ಅಪ್ಪಟ ಚೀನೀ ಮಸಿಚಿತ್ರ. ಹಿಂದೆ ಹೋಗಿ ನೋಡಲೂ ಅಡ್ಡಿಯಿಲ್ಲ. ಮಂಜುಗಾಜಿನ ಬೆನ್ನಿಗೆ ಒಣ ಕಡ್ಡಿ, ಜೋಳದ ಸಿಪ್ಪೆ, ನಾರು, ಹತ್ತಿ, ಮುದುರಿದ ಕಾಗದ, ಟೇಪಿನಲ್ಲಿ ಅಂಟಿಸಿದ ಪ್ಲಾಸ್ಟಿಕ್. ಗಾಜಿಗೆ ತಾಗಿದ ಕಡ್ಡಿ ಕಡುಗಪ್ಪು ಗೆರೆಯಾಗುತ್ತದೆ, ಅರ್ಧ ಇಂಚು ದೂರ ಸರಿದದ್ದು ಮಂಜಿನಲ್ಲಿ ಕರಗಿದ ಕೊಂಬೆಯಾಗುತ್ತದೆ. ಗುಟ್ಟು ತಿಳಿದು ಮುಂದೆ ಬಂದ ಮೇಲೂ ಕಣ್ಣು ಕಸ ಕಾಣಲು ಒಪ್ಪುವುದಿಲ್ಲ. ಅದು ಬೆಟ್ಟವನ್ನೇ ಓದುತ್ತದೆ. ಆಕಾಶದ ಪುಸ್ತಕ ಅಕ್ಷರದಲ್ಲಿ ಮಾಡಿದ್ದನ್ನು ಇದು ನೆರಳಿನಲ್ಲಿ ಮಾಡುತ್ತದೆ. ಇಲ್ಲಿ ಯಾರನ್ನೂ ಹೊರಗೆ ನಿಲ್ಲಿಸಿಲ್ಲ ಎಂಬುದು ಹೆಚ್ಚುವರಿ ಗುಣ.

2004ರಲ್ಲೇ ವೇಲ್ಸ್‌ನ ಮೊದಲ ಆರ್ಟೆಸ್ ಮುಂಡಿ ಪ್ರಶಸ್ತಿ ತಂದುಕೊಟ್ಟ ಕೃತಿ ಇನ್ನೂ ಬರಿದು. 2001ರ ಸೆಪ್ಟೆಂಬರ್ 11ರ ದಾಳಿಯ ನಂತರ ಮ್ಯಾನ್‌ಹಟನ್ನಿನ ಬೀದಿಯಿಂದ ಷು ಬಿಂಗ್ ಒಂದಷ್ಟು ದೂಳು ಎತ್ತಿಟ್ಟಿದ್ದರು. ಅದನ್ನು ಕಾರ್ಡಿಫ್‌ನ ಕೋಣೆಯ ನೆಲದ ತುಂಬ ಹರಡಿ, ಬೂದಿಬಣ್ಣದ ತೆಳುಪದರದ ನಡುವೆ ಚಾನ್ ಬೌದ್ಧ ಗುರು ಹುಯಿನೆಂಗ್‌ನದೆನ್ನುವ ಎರಡು ಸಾಲು ಮೂಡಿಸಿದರು. ಮೊದಲಿಂದ ಏನೂ ಇಲ್ಲದಿದ್ದರೆ ದೂಳು ಕೂರುವುದಾದರೂ ಎಲ್ಲಿ ಎಂಬುದು ಅದರ ಸಾರಾಂಶ. ದೂಳನ್ನು ದೇಶ ದಾಟಿಸಲು ಕಂಡುಕೊಂಡ ಉಪಾಯವೂ ಅವರದೇ ಶೈಲಿಯದು: ಮಗಳ ಗೊಂಬೆಯ ಅಚ್ಚಿನಲ್ಲಿ ದೂಳನ್ನು ಎರಕ ಹೊಯ್ದು ಗೊಂಬೆಯಾಗಿ ಒಯ್ದರು, ಅಲ್ಲಿ ಮತ್ತೆ ಅರೆದು ಪುಡಿ ಮಾಡಿದರು.

ನೆಲದ ಪುಸ್ತಕ

2003ರ ಸುಮಾರಿಗೆ ಷು ಬಿಂಗ್ ವಿಮಾನದಲ್ಲಿ ಸೀಟಿನ ಹಿಂದಿರುವ ಸುರಕ್ಷತಾ ಕಾರ್ಡುಗಳನ್ನು ಕೂಡಿಡತೊಡಗಿದರು. ಚ್ಯೂಯಿಂಗ್ ಗಮ್ ಕಾಗದದ ಮೇಲಿನ ಮೂರ್ನಾಲ್ಕು ಚಿಹ್ನೆಗಳಲ್ಲಿ, ತಿಂದ ಮೇಲೆ ಸುತ್ತಿ ಬುಟ್ಟಿಗೆ ಹಾಕಿ ಎಂಬ ಪೂರ್ತಿ ವಾಕ್ಯವನ್ನು ಕಂಡ ಅವರಿಗೆ, ಹಾಗಾದರೆ ಕಾದಂಬರಿಯೇಕೆ ಆಗದು ಎನ್ನಿಸಿತು. ಅದರಿಂದ ಬಂದದ್ದು ‘ನೆಲದ ಪುಸ್ತಕ’. 2012ರಲ್ಲಿ ಚೀನಾದಲ್ಲಿ, 2014ರಲ್ಲಿ ಅಮೆರಿಕದ ಎಂಐಟಿ ಪ್ರೆಸ್‌ನಿಂದ ಪ್ರಕಟವಾಯಿತು.

ಕಥಾನಾಯಕ ನಗರದ ಒಬ್ಬ ಆಫೀಸು ನೌಕರ. ಕಥೆ ಅವನ ಇಪ್ಪತ್ನಾಲ್ಕು ಗಂಟೆ. ಹಕ್ಕಿ ಕೂಗುತ್ತದೆ, ಅಲಾರಾಂ ಹೊಡೆದುಕೊಳ್ಳುತ್ತದೆ, ಅವನು ಏಳಲೊಲ್ಲ. ತಿಂಡಿ, ಶೌಚಾಲಯದ ಪಡಿಪಾಟಲು, ರೈಲಿನ ನೂಕುನುಗ್ಗಲು, ಬಾಸ್‌ನ ಕಿರಿಕಿರಿ, ಇಂಟರ್‌ನೆಟ್‌ನಲ್ಲಿ ಹುಡುಗಿ ಹುಡುಕಾಟ. ಓದುವವರಿಗೆ ಮೊದಲ ಪುಟ ತಡವರಿಕೆ, ಮೂರನೇ ಪುಟದಲ್ಲಿ ಸಲೀಸು, ಹತ್ತನೆಯದರಲ್ಲಿ ನಗು. ಒಬ್ಬೊಬ್ಬರೂ ತಂತಮ್ಮ ಭಾಷೆಯಲ್ಲೇ ಓದಿಕೊಳ್ಳುತ್ತಾರೆ. ಕನ್ನಡಿಗರು ಜೋರಾಗಿ ಓದಿದರೆ ಕನ್ನಡ ಕಾದಂಬರಿ.

ಎಲ್ಲರೂ ಓದಬಹುದೆಂಬ ಹೆಮ್ಮೆಗೆ ಒಂದು ಷರತ್ತಿದೆ, ಅದನ್ನು ಷು ಬಿಂಗ್ ಬಚ್ಚಿಟ್ಟಿಲ್ಲ: ಓದು ಬರಬೇಕಿಲ್ಲ, ಇಂದಿನ ಬದುಕಿನ ಅನುಭವ ಇದ್ದರೆ ಸಾಕು ಎನ್ನುತ್ತಾರೆ. ಆ ‘ಸಾಕು’ ಸಣ್ಣದಲ್ಲ. ಲಿಫ್ಟು, ಇಮೇಲು, ಕಾಫಿ ಅಂಗಡಿ, ಕಾರ್ಡ್ ಉಜ್ಜುವ ಯಂತ್ರ ಇವುಗಳ ನಡುವೆ ಬದುಕದವರಿಗೆ ನೆಲದ ಪುಸ್ತಕವೂ ಆಕಾಶದ ಪುಸ್ತಕವೇ. ವಿದ್ವತ್ತಿನ ಗೆರೆ ಅಳಿದ ಜಾಗದಲ್ಲಿ ಪೇಟೆಯ ಗೆರೆ ಬಂದಿದೆ. ಕಂಪನಿಗಳ ಲೋಗೋಗಳೂ ಈ ಭಾಷೆಯ ಶಬ್ದಕೋಶದಲ್ಲಿ ಸೇರಿವೆ. ಮತ್ತೂ ಒಂದು ಮಿತಿ: ಈ ಭಾಷೆಯಲ್ಲಿ ಘಟನೆ ಹೇಳಬಹುದು, ತಳಮಳ ತೋರಿಸಬಹುದು; ‘ಬಹುಶಃ’, ‘ಆದರೂ’ ಎಂಬಂಥವನ್ನು ಹೇಳುವುದು ಕಷ್ಟ. ನಾಯಕನ ದಿನ ಅಷ್ಟೊಂದು ಮಾಮೂಲಿಯಾಗಿರುವುದಕ್ಕೆ ಅದೂ ಕಾರಣವಿದ್ದೀತು.

ಮನೆಗೆ ಮರಳಿದ ಮೇಲೆ

2008ರಲ್ಲಿ ಷು ಬಿಂಗ್ ತಾವು ಓದಿದ ಬೀಜಿಂಗ್ ಅಕಾಡೆಮಿಗೇ ಉಪಾಧ್ಯಕ್ಷರಾಗಿ ಮರಳಿದರು. ಒಂದು ಕಾಲಕ್ಕೆ ಟೀಕೆಗೆ ಗುರಿಯಾದ ಕಲಾವಿದ ವ್ಯವಸ್ಥೆಯೊಳಗಿನ ಅಧಿಕಾರಿಯಾದದ್ದು ಹಲವರಿಗೆ ಹಿಡಿಸಲಿಲ್ಲ. ಸರ್ಕಾರವನ್ನು ನೇರವಾಗಿ ಎದುರು ಹಾಕಿಕೊಂಡ ಕಲಾವಿದ ಆಯ್ ವೈವೈ ಜೊತೆ ಅವರನ್ನು ಹೋಲಿಸಿ ಅಳೆಯುವುದು ಪಶ್ಚಿಮದ ಪತ್ರಿಕೆಗಳ ರೂಢಿಯಾಯಿತು. ಆ ಅಳತೆಗೋಲಿನಲ್ಲಿ ಷು ಬಿಂಗ್ ಗಿಡ್ಡಗೆ ಕಾಣುತ್ತಾರೆ, ದಿಟ. ಅವರ ಪ್ರಶ್ನೆ ಎಂದೂ ಅಷ್ಟು ನೇರವಾಗಿರಲಿಲ್ಲ ಎಂಬುದನ್ನೂ ಹೇಳಬೇಕು.

ಬೀಜಿಂಗ್‌ನ ವ್ಯಾಪಾರಿ ಕಟ್ಟಡವೊಂದಕ್ಕೆಂದು ಶುರುವಾದ ‘ಫೀನಿಕ್ಸ್’ ಈ ಅವಧಿಯ ಹೆಸರಾಂತ ಕೃತಿ. ಕಟ್ಟಡ ಕಾರ್ಮಿಕರ ದುಃಸ್ಥಿತಿ ಕಂಡು, ಅವರ ಗುದ್ದಲಿ, ಹೆಲ್ಮೆಟ್, ಕಬ್ಬಿಣದ ಚೂರುಪಾರುಗಳಿಂದಲೇ ಎರಡು ಬೃಹತ್ ಹಕ್ಕಿ ಕಟ್ಟಿದರು. ಅವು 2014ರಲ್ಲಿ ನ್ಯೂಯಾರ್ಕ್‌ನ ಸೇಂಟ್ ಜಾನ್ ಕೆಥೆಡ್ರಲ್‌ನಲ್ಲಿ, 2015ರಲ್ಲಿ ವೆನಿಸ್ ಬಿಯೆನಾಲೆಯಲ್ಲಿ ತೂಗಿದವು. ಗಾತ್ರ ಬೆರಗು ಹುಟ್ಟಿಸುತ್ತದೆ. ಓದುಗನನ್ನು ತಬ್ಬಿಬ್ಬು ಮಾಡುವ ಹಳೆಯ ಷು ಬಿಂಗ್ ಅದರಲ್ಲಿ ಕಡಿಮೆ. 2021ರ ಫೆಬ್ರವರಿಯಲ್ಲಿ ಆಕಾಶದ ಪುಸ್ತಕದ ಹೆಸರು, ಅಕ್ಷರಗಳನ್ನು ಹೊತ್ತ ರಾಕೆಟ್ಟೊಂದು ಹಾರಿ, ಕಕ್ಷೆ ಸೇರದೆ ಬಿತ್ತು. ಕೈಗೆ ಬಂದ ಪ್ರಸಿದ್ಧಿ ಕೆಲವೊಮ್ಮೆ ಎತ್ತಿಕೊಳ್ಳುವ ದುಬಾರಿ ಆಟಗಳ ಸಾಲಿಗೆ ಅದನ್ನು ಸೇರಿಸಬಹುದು.

2017ರ ‘ಡ್ರ್ಯಾಗನ್‌ಫ್ಲೈ ಐಸ್’ ಮಾತ್ರ ಆ ಸಾಲಿನದಲ್ಲ. 81 ನಿಮಿಷದ ಈ ಚಲನಚಿತ್ರಕ್ಕೆ ಕ್ಯಾಮೆರಾಮನ್ ಇಲ್ಲ, ನಟರಿಲ್ಲ. ಇಂಟರ್‌ನೆಟ್‌ಗೆ ಬರುತ್ತಿದ್ದ ಸಿಸಿಟಿವಿ ದೃಶ್ಯಗಳನ್ನು ಸುಮಾರು ಹತ್ತು ಸಾವಿರ ಗಂಟೆಯಷ್ಟು ಇಳಿಸಿಕೊಂಡು, ಕತ್ತರಿಸಿ ಜೋಡಿಸಿ, ಮೇಲೆ ಸಂಭಾಷಣೆ ಹಾಕಿ ಒಂದು ಪ್ರೇಮಕಥೆ ಹೆಣೆದರು. ಬೌದ್ಧ ವಿಹಾರ ಬಿಟ್ಟು ಬಂದ ಹುಡುಗಿ, ಅವಳನ್ನು ಹುಡುಕುವ ಯುವಕ, ಪ್ಲಾಸ್ಟಿಕ್ ಸರ್ಜರಿ. ಮುಖ ದೃಶ್ಯದಿಂದ ದೃಶ್ಯಕ್ಕೆ ಬೇರೆ. ಆದರೂ ಅದೇ ಹುಡುಗಿ ಎಂದು ನೋಡುಗರೇ ಕಥೆ ಕೂಡಿಸಿಕೊಳ್ಳುತ್ತಾರೆ. ಲೊಕಾರ್ನೊ ಚಿತ್ರೋತ್ಸವದಲ್ಲಿ ಅಂತರರಾಷ್ಟ್ರೀಯ ವಿಮರ್ಶಕರ ಒಕ್ಕೂಟದ ಪ್ರಶಸ್ತಿ ಬಂತು. ಅಕ್ಷರವಿಲ್ಲದೆಯೂ ಓದುವ, ಗುರುತಿಲ್ಲದೆಯೂ ಗುರುತಿಸುವ ನಮ್ಮ ಕಣ್ಣಿನ ಚಟವೇ ಇಲ್ಲೂ ವಸ್ತು. ಹೊಸದೆಂದರೆ, ನಮ್ಮನ್ನು ಓದುವ ಯಂತ್ರವೂ ಈಗ ಚಿತ್ರದೊಳಗಿದೆ.

ಯಂತ್ರದ ಈ ಪ್ರವೇಶದಿಂದ 1988ರ ಕೃತಿಗೂ ಬೇರೊಂದು ಬೆಳಕು ಬಿದ್ದಿದೆ. ಚಿತ್ರ ತಯಾರಿಸುವ ಕೃತಕ ಬುದ್ಧಿಮತ್ತೆಯ ತಂತ್ರಾಂಶಗಳು ಬಂದ ಹೊಸದರಲ್ಲಿ, ಅಂಗಡಿಯ ಬೋರ್ಡಿಗೆ ಕನ್ನಡ ಬರೆ ಎಂದರೆ ತಲೆಕಟ್ಟು, ಒತ್ತು, ದೀರ್ಘದಂಥ ಸುರುಳಿಗಳನ್ನು ಹೇಗೆಂದರೆ ಹಾಗೆ ಪೋಣಿಸಿ, ಕನ್ನಡದಂತೆ ಕಾಣುವ, ಕನ್ನಡವಲ್ಲದ ಸಾಲು ಬರೆಯುತ್ತಿದ್ದವು. ಅಂಥ ಪೋಸ್ಟರುಗಳನ್ನು ಓದಲು ಹೋಗಿ ತಡವರಿಸಿದ ಕನ್ನಡಿಗರು, ಬೀಜಿಂಗ್‌ನ ಆ ಪ್ರೇಕ್ಷಕರ ಪೇಚನ್ನು ತಮಗರಿಯದೇ ಅನುಭವಿಸಿದ್ದಾರೆ. ಹೊರನೋಟಕ್ಕೆ ಎರಡೂ ಒಂದೇ. ಆದರೆ ಯಂತ್ರಕ್ಕೆ ತಾನು ಬರೆದದ್ದು ಅಕ್ಷರವೋ ಅಲ್ಲವೋ ಎಂಬ ಗೊಡವೆಯಿರಲಿಲ್ಲ. ಷು ಬಿಂಗ್ ಭಾಷೆಯಲ್ಲಿ ಎಲ್ಲೂ ಇಲ್ಲದ ಆಕಾರಗಳನ್ನೇ ಹುಡುಕಿ, ನಾಲ್ಕು ಸಾವಿರಕ್ಕೂ ಮಿಕ್ಕ ಮರದ ತುಂಡುಗಳಲ್ಲಿ ಒಂದೊಂದಾಗಿ ಕೆತ್ತಿದರು. ಅಷ್ಟು ಅಕ್ಷರಗಳನ್ನು ತಪ್ಪಿಸಲು ಲಿಪಿಯನ್ನು ಎಷ್ಟು ಬಲ್ಲವರಾಗಿರಬೇಕು ಎಂಬುದನ್ನು ಅವರ ಟೀಕಾಕಾರರು ಆಗ ಲೆಕ್ಕಕ್ಕೆ ತೆಗೆದುಕೊಂಡಿರಲಿಲ್ಲ.